ರಾನಿ ಬಾರ್ಕರ್ ನಟನಾ, ಬರೀ ಜೋಕ್ ಹೇಳೋರಾ? ಓದುಗರೊಬ್ಬರಿಗೆ ಸಂಪಾದಕರ ಉತ್ತರ

ನಮಸ್ಕಾರ ಮೇಡಂ,

ಶಿವಮೊಗ್ಗದಿಂದ ನೀವು ಬರೆದ ಪತ್ರ ಕೈಸೇರಿದೆ. ಹೋದ ಸಂಚಿಕೆಯಲ್ಲಿ ಬ್ರಿಟನ್ನಿನ ಹಳೇ ಟಿವಿ ಕಾಮಿಡಿ ಬಗ್ಗೆ ಬಂದ ಲೇಖನದಲ್ಲಿ ರಾನಿ ಬಾರ್ಕರ್ ಅವರನ್ನ ಆ ಕಾಲದ ದೊಡ್ಡ ನಟರಲ್ಲಿ ಒಬ್ರು ಅಂತ ಬರೆದಿದ್ದು ನಿಮಗೆ ಒಪ್ಪಿಗೆ ಆಗಿಲ್ಲ. ಯೂಟ್ಯೂಬಲ್ಲಿ ಅವರ ಹಾರ್ಡ್‌ವೇರ್ ಅಂಗಡಿ ಸ್ಕೆಚ್, ಅಂದ್ರೆ ಪುಟ್ಟ ಹಾಸ್ಯ ದೃಶ್ಯ, ನೋಡಿ ಮನೆಮಂದಿಯೆಲ್ಲ ನಕ್ಕಿದ್ದೀರಂತೆ, ಆದ್ರೆ ಅದು ಮಾತಿನ ಚಮತ್ಕಾರ ಅಷ್ಟೇ, ನಟನೆ ಅಲ್ಲ ಅಂತೀರಿ. ನಟ ಅಂದ್ರೆ ಷೇಕ್ಸ್‌ಪಿಯರ್ ಮಾಡ್ಬೇಕು, ಸ್ಟೇಜ್ ಮೇಲೆ ನಿಂತ್ರೆ ಜನ ಅಳಬೇಕು, ಅಷ್ಟು ದೊಡ್ಡ ನಟ ಆಗಿದ್ರೆ 58ನೇ ವಯಸ್ಸಿಗೇ ಎಲ್ಲ ಬಿಟ್ಟು ಹಳೇ ಸಾಮಾನಿನ ಅಂಗಡಿ ತೆಗೆದು ಕೂರ್ತಿರ್ಲಿಲ್ಲ ಅಂತ ಕೇಳಿದ್ದೀರಿ. ಪ್ರಶ್ನೆ ಚೆನ್ನಾಗಿದೆ, ಎರಡು ಸಾಲಲ್ಲಿ ಮುಗಿಸೋಕೆ ಮನಸ್ಸಾಗ್ಲಿಲ್ಲ, ಅದಕ್ಕೇ ಉದ್ದ ಬರೀತಿದ್ದೀನಿ.

ನನ್ನ ಅಭಿಪ್ರಾಯ ಮೊದ್ಲೇ ಹೇಳ್ಬಿಡ್ತೀನಿ. ಜೋಕ್ ಹೇಳೋರಿಗೆ ಬೇಕಾದ ಮುಖ್ಯ ಗುಣವೇ ಈ ಮನುಷ್ಯನಿಗೆ ಇರ್ಲಿಲ್ಲ. ಜನರ ಮುಂದೆ ತಾನು ತಾನಾಗೇ ನಿಂತು ನಾಲ್ಕು ಮಾತಾಡಿ ಅಂದ್ರೆ ಅವರ ಕೈಲಿ ಆಗ್ತಿರ್ಲಿಲ್ಲ. ಒಂದು ಮೀಸೆ, ಒಂದು ಟೋಪಿ, ಬೇರೆ ಯಾರದೋ ದನಿ, ಹೀಗೆ ಏನಾದ್ರೂ ಒಂದು ಮರೆ ಬೇಕಿತ್ತು. ಅದು ಸಿಕ್ಕಿದ ತಕ್ಷಣ ಬ್ರಿಟನ್ನಿನಲ್ಲಿ ಅವರನ್ನ ಮೀರಿಸೋರು ತುಂಬಾ ಕಮ್ಮಿ ಜನ. ಇದು ನಟನ ಸ್ವಭಾವ. ಅವರ ಇಡೀ ಬದುಕು ನೋಡ್ತಾ ಹೋದ್ರೆ ಇದೇ ಒಂದು ಎಳೆ ಎಲ್ಲಾ ಕಡೆ ಕಾಣುತ್ತೆ, ಅಂಗಡಿ ತೆಗೆದಿದ್ರಲ್ಲೂ.

ಹುಟ್ಟಿದ್ದು 1929ರ ಸೆಪ್ಟೆಂಬರ್ 25, ಬೆಡ್‌ಫರ್ಡ್‌ನಲ್ಲಿ. ಚಿಕ್ಕವರಿದ್ದಾಗಲೇ ಮನೆಯೋರು ಆಕ್ಸ್‌ಫರ್ಡ್‌ಗೆ ಬಂದ್ರು. ಆಕ್ಸ್‌ಫರ್ಡ್ ಅಂದ ತಕ್ಷಣ ಯೂನಿವರ್ಸಿಟಿ ಅಂದ್ಕೋಬೇಡಿ, ಅಪ್ಪ ಪೆಟ್ರೋಲ್ ಕಂಪನಿಯಲ್ಲಿ ಕ್ಲರ್ಕ್, ಮಗ ಊರಿನ ಹೈಸ್ಕೂಲಲ್ಲಿ ಓದಿದ್ದು. ಆರ್ಕಿಟೆಕ್ಟ್ ಆಗ್ತೀನಿ ಅಂತ ಸ್ವಲ್ಪ ತಿಂಗಳು ಕಲಿತ್ರು, ಇದು ನನಗೆ ಆಗಲ್ಲ ಅಂತ ಬಿಟ್ರು, ಅಕ್ಕ ತಂಗಿಯರಲ್ಲಿ ಒಬ್ಬರು ಬಿಟ್ಟ ಬ್ಯಾಂಕ್ ಕ್ಲರ್ಕ್ ಕೆಲಸಕ್ಕೆ ತಾನು ಸೇರಿಕೊಂಡ್ರು. ಸಂಜೆ ಹೊತ್ತು ಹವ್ಯಾಸಿ ನಾಟಕ. 1948ರ ನವೆಂಬರಲ್ಲಿ ಬ್ಯಾಂಕು ಬಿಟ್ಟು ಏಲ್ಸ್‌ಬರಿಯ ಒಂದು ರೆಪರ್ಟರಿ ಕಂಪನಿ ಸೇರಿದಾಗ ವಾರಕ್ಕೆ ಎರಡೂವರೆ ಪೌಂಡ್ ಸಂಬಳ.

ಆ ರೆಪರ್ಟರಿ ಅನ್ನೋ ವ್ಯವಸ್ಥೆ ಸ್ವಲ್ಪ ಹೇಳಲೇಬೇಕು, ಯಾಕಂದ್ರೆ ಅಲ್ಲೇ ಇವರ ಕೈ ಪಳಗಿದ್ದು. ಸಣ್ಣ ಊರು, ಒಂದೇ ಕಂಪನಿ, ಸಾಮಾನ್ಯವಾಗಿ ವಾರಕ್ಕೊಂದು ಹೊಸ ನಾಟಕ. ಸಂಜೆ ಈ ವಾರದ ನಾಟಕ ಆಡ್ತಾ ಹಗಲು ಮುಂದಿನ ವಾರದ್ದರ ರಿಹರ್ಸಲ್. ಇವತ್ತು ಮುದುಕ, ನಾಳೆ ಪೊಲೀಸ್, ಆಚೆ ವಾರ ಪಾದ್ರಿ. ಇಪ್ಪತ್ತರ ಹುಡುಗ ಎಪ್ಪತ್ತರ ಮುದುಕನ ಪಾತ್ರಕ್ಕೆ ಬಣ್ಣ ಹಚ್ಕೊಂಡು ನಿಲ್ಲಬೇಕು, ಪಾತ್ರ ಬೇಡ ಅನ್ನೋ ಹಾಗಿಲ್ಲ. ಈ ದಿನಗಳಲ್ಲೇ ಒಂದು ನಾಟಕದಲ್ಲಿ ಕಾರ್ ಡ್ರೈವರ್ ಪಾತ್ರ ಸಿಕ್ಕಿ, ಜನ ಮೊದಲ ಸಲ ಜೋರಾಗಿ ನಕ್ಕಿದ್ದನ್ನ ಕೇಳಿ, ನನಗೆ ಹ್ಯಾಮ್ಲೆಟ್ ಬೇಡ, ನಗಿಸೋದೇ ನನ್ನ ಕೆಲಸ ಅಂತ ನಿರ್ಧಾರ ಮಾಡಿದ್ರು. ಹ್ಯಾಮ್ಲೆಟ್ ಸಿಗದೆ ಕಾಮಿಡಿಗೆ ಬಂದೋರಲ್ಲ ಮೇಡಂ, ಆರಿಸ್ಕೊಂಡು ಬಂದೋರು.

ಕಷ್ಟನೂ ಪಟ್ಟಿದ್ದಾರೆ. ಒಂದು ಮೂಕಾಭಿನಯ ತಂಡದ ಜೊತೆ ಟೂರ್ ಹೋದಾಗ ಆ ತಂಡ ಪೆನ್ಜಾನ್ಸ್‌ನಲ್ಲಿ ದುಡ್ಡಿಲ್ಲದೆ ಮುಚ್ಚಿಹೋಯ್ತು. ಪೆನ್ಜಾನ್ಸ್ ಅಂದ್ರೆ ಇಂಗ್ಲೆಂಡಿನ ನೈಋತ್ಯ ತುದಿ, ಅಲ್ಲಿಂದ ಆಕ್ಸ್‌ಫರ್ಡ್‌ಗೆ ಬಹುಪಾಲು ನಡ್ಕೊಂಡೇ ವಾಪಸ್ ಬಂದ್ರಂತೆ. ಕೆಲಸ ಇಲ್ದೆ ಇದ್ದಾಗ ಆಕ್ಸ್‌ಫರ್ಡಿನ ಒಂದು ಆಸ್ಪತ್ರೆಯಲ್ಲಿ ಪೋರ್ಟರ್ ಆಗಿದ್ರು. ಅಲ್ಲಿ ಪೋಲಿಯೋ ಬಂದ ರೋಗಿಗಳು, ಅವರ ಕಷ್ಟ ನೋಡಿ ತಡ್ಕೊಳ್ಳೋಕೆ ಆಗ್ಲಿಲ್ಲ. ಆಗ ಏನ್ ಮಾಡಿದ್ರು ಗೊತ್ತಾ? ರಾನಿಯಾಗಿ ಆ ವಾರ್ಡಿನೊಳಗೆ ಹೋಗೋದನ್ನೇ ಬಿಟ್ರು. ಚಾರ್ಲಿ ಅಂತ ಒಬ್ಬ ಪೋರ್ಟರನ್ನ ಸೃಷ್ಟಿ ಮಾಡಿದ್ರು, ಅವನ ವೇಷದಲ್ಲಿ ಒಳಗೆ ಹೋಗ್ತಿದ್ರು, ಅವನಾಗೇ ರೋಗಿಗಳನ್ನ ನಗಿಸ್ತಿದ್ರು. ಟಿಕೆಟ್ ಇಲ್ಲ, ಸ್ಟೇಜ್ ಇಲ್ಲ, ಹೆಸರು ಬರೋ ಆಸೆ ಇಲ್ಲ. ಮುಂದೆ ಎಷ್ಟೋ ದೊಡ್ಡ ಪಾತ್ರ ಮಾಡಿದ್ರೂ ಇವರನ್ನ ಅರ್ಥ ಮಾಡ್ಕೊಳ್ಳೋಕೆ ನನಗೆ ಈ ಚಾರ್ಲಿ ಸಾಕು ಅನ್ಸುತ್ತೆ.

1951ರಲ್ಲಿ ಆಕ್ಸ್‌ಫರ್ಡ್ ಪ್ಲೇಹೌಸ್ ಸೇರಿದ್ರು. ಅಲ್ಲಿ ಇವರ ಕೈಚಳಕ ನೋಡಿದ ಪೀಟರ್ ಹಾಲ್ 1955ರಲ್ಲಿ ಲಂಡನ್ನಿನ ಆರ್ಟ್ಸ್ ಥಿಯೇಟರಿಗೆ ಕರ್ಕೊಂಡು ಹೋದ್ರು. ಈ ಪೀಟರ್ ಹಾಲ್ ಅಂದ್ರೆ ರಾಯಲ್ ಷೇಕ್ಸ್‌ಪಿಯರ್ ಕಂಪನಿ ಕಟ್ಟಿದವರು, ಆಮೇಲೆ ನ್ಯಾಷನಲ್ ಥಿಯೇಟರಿನ ಡೈರೆಕ್ಟರ್ ಆದವರು. 1957ರಲ್ಲಿ ಮದುವೆ, ಹೆಂಡತಿ ಹೆಸರು ಜಾಯ್. 1959ರಿಂದ ಬಿಬಿಸಿ ರೇಡಿಯೋದ ದಿ ನೇವಿ ಲಾರ್ಕ್ ಸರಣಿಯಲ್ಲಿ ವರ್ಷಗಟ್ಟಲೆ ಬೇರೆ ಬೇರೆ ದನಿ. ರೇಡಿಯೋ ಇವರಿಗೆ ಹೇಳಿ ಮಾಡಿಸಿದ ಜಾಗ, ಮುಖ ತೋರಿಸೋ ಹಾಗೇ ಇಲ್ಲವಲ್ಲ.

ಜನ ಇವರನ್ನ ಗುರುತು ಹಿಡಿದಿದ್ದು 1966ರಲ್ಲಿ, ಡೇವಿಡ್ ಫ್ರಾಸ್ಟ್ ನಡೆಸ್ತಿದ್ದ ಟಿವಿ ಕಾಮಿಡಿ ಶೋ ದಿ ಫ್ರಾಸ್ಟ್ ರಿಪೋರ್ಟ್‌ನಿಂದ. ಇಂಗ್ಲೆಂಡಿನ ವರ್ಗಭೇದದ ಮೇಲೆ ಒಂದು ಪುಟ್ಟ ಸ್ಕೆಚ್ ಇದೆ, ಎತ್ತರದ ಜಾನ್ ಕ್ಲೀಸ್ ಮೇಲ್ವರ್ಗ, ಮಧ್ಯಮ ಎತ್ತರದ ಬಾರ್ಕರ್ ಮಧ್ಯಮ ವರ್ಗ, ಕುಳ್ಳಗಿನ ರಾನಿ ಕಾರ್ಬೆಟ್ ಕೆಳವರ್ಗ. ಬಾರ್ಕರ್ ಮೇಲೆ ನೋಡಿ ತಗ್ತಾರೆ, ಕೆಳಗೆ ನೋಡಿ ಹಿಗ್ತಾರೆ, ಅಷ್ಟೇ. ಆ ಶೋನಲ್ಲಿ ತುಂಬಾ ಜನ ಆಕ್ಸ್‌ಫರ್ಡ್ ಕೇಂಬ್ರಿಡ್ಜ್ ಓದಿದವರು, ಇವರಿಬ್ಬರು ರಾನಿಗಳು ಯೂನಿವರ್ಸಿಟಿ ಓದದೆ ನಾಟಕದಿಂದ ಬಂದವರು, ಹಾಗಾಗಿ ಇಬ್ಬರೂ ಹತ್ತಿರ ಆದ್ರು. ಕೊನೇವರೆಗೂ ಈ ಸ್ನೇಹ ಕೆಟ್ಟಿದ್ದು ಅಂತ ಎಲ್ಲೂ ಇಲ್ಲ. ಕಾಮಿಡಿ ಜೋಡಿಗಳ ಲೋಕದಲ್ಲಿ ಇದು ಸಣ್ಣ ಮಾತಲ್ಲ.

ಈಗ ಜೆರಾಲ್ಡ್ ವೈಲಿ ವಿಷಯಕ್ಕೆ ಬರ್ತೀನಿ, ಇದನ್ನ ಬಿಟ್ರೆ ಬಾರ್ಕರ್ ಕಥೆ ಅರ್ಧ ಹೇಳಿದ ಹಾಗೆ. 1968ರ ಸುಮಾರಿಗೆ ಇಬ್ಬರೂ ರಾನಿಗಳು ನಟಿಸ್ತಿದ್ದ ಫ್ರಾಸ್ಟ್ ಆನ್ ಸಂಡೇ ಅನ್ನೋ ಶೋಗೆ ಜೆರಾಲ್ಡ್ ವೈಲಿ ಅನ್ನೋ ಲೇಖಕನಿಂದ ಸ್ಕೆಚ್‌ಗಳು ಬರೋಕೆ ಶುರುವಾದ್ವು, ಎಲ್ಲಾ ಏಜೆಂಟ್ ಮೂಲಕ, ಆಸಾಮಿ ಮಾತ್ರ ಯಾರಿಗೂ ಕಾಣ್ತಿಲ್ಲ. ಸ್ಕೆಚ್‌ಗಳು ಸಖತ್ತಾಗಿವೆ. ಯಾರಿವನು ಅಂತ ಇಡೀ ಟೀಮಲ್ಲಿ ಚರ್ಚೆ, ನಾಟಕಕಾರ ಟಾಮ್ ಸ್ಟಾಪರ್ಡ್ ಇರ್ಬೇಕು ಅಂತ ಕೆಲವರು, ಹಾಸ್ಯ ಲೇಖಕ ಫ್ರಾಂಕ್ ಮ್ಯೂರ್ ಇರ್ಬೇಕು ಅಂತ ಇನ್ನು ಕೆಲವರು. ಡಾಕ್ಟರ ವೇಟಿಂಗ್ ರೂಮಿನ ಒಂದು ಸ್ಕೆಚ್ ಕಾರ್ಬೆಟ್‌ಗೆ ತುಂಬಾ ಇಷ್ಟ ಆಗಿ ಅದರ ಹಕ್ಕು ಕೊಂಡ್ಕೋಬೇಕು ಅಂತ ಕೇಳಿದ್ರೆ ಏಜೆಂಟ್ ಭಾರೀ ರೇಟ್ ಹೇಳ್ದ, ಜಾಸ್ತಿ ಕಣಪ್ಪ ತಗೋಬೇಡ ಅಂತ ಬಾರ್ಕರ್ ಅವರೇ ಬುದ್ಧಿ ಹೇಳಿದ್ರು, ಆಮೇಲೆ ನೋಡಿದ್ರೆ ವೈಲಿ ಕಡೆಯಿಂದ ಹಕ್ಕು ಪುಕ್ಕಟೆ ಬಂತು. ಕಾರ್ಬೆಟ್ ಖುಷಿಯಾಗಿ ವೈಲಿಗೆ ಗಾಜಿನ ಲೋಟಗಳನ್ನ ಉಡುಗೊರೆ ಕಳಿಸಿದ್ರು. ಕೊನೆಗೊಂದು ದಿನ ವೈಲಿ ಎಲ್ಲರನ್ನೂ ಸ್ಟುಡಿಯೋ ಎದುರಿನ ಚೈನೀಸ್ ಹೋಟೆಲಿಗೆ ಊಟಕ್ಕೆ ಕರೆದ್ರು, ಎಲ್ಲಾ ಕೂತಾದ ಮೇಲೆ ಬಾರ್ಕರ್ ಎದ್ದು ನಿಂತು ನಾನೇ ಜೆರಾಲ್ಡ್ ವೈಲಿ ಅಂದ್ರು. ಮೊದಲು ಯಾರೂ ನಂಬ್ಲಿಲ್ಲ.

ಇದನ್ನ ತಮಾಷೆಗೆ ಮಾಡಿದ್ದು ಅಂತ ಓದಿದ್ರೆ ನಷ್ಟ. ಶೋನ ಸ್ಟಾರೇ ಬರೆದಿದ್ದು ಅಂತ ಗೊತ್ತಾದ್ರೆ ಸ್ಕೆಚ್ ಚೆನ್ನಾಗಿಲ್ದಿದ್ರೂ ಎಲ್ಲರೂ ಚೆನ್ನಾಗಿದೆ ಅಂತಾರೆ, ಅದಾಗ್ಬಾರ್ದು, ಬರವಣಿಗೆ ತನ್ನ ಕಾಲ ಮೇಲೆ ನಿಲ್ಲಬೇಕು ಅನ್ನೋದು ಅವರ ಉದ್ದೇಶ. ಗುಟ್ಟು ಉಳಿಸೋಕೆ ರಿಹರ್ಸಲ್ ಟೈಮಲ್ಲಿ ವೈಲಿಯ ಸ್ಕೆಚ್‌ನಲ್ಲಿ ತಾವೇ ತಪ್ಪು ಹುಡುಕಿ ಹೇಳ್ತಿದ್ರು. ಇಪ್ಪತ್ತು ವರ್ಷ ಪತ್ರಿಕೆ ನಡೆಸಿದ ನನಗೆ, ಹೆಸರು ದೊಡ್ಡದಾಗಿ ಹಾಕಿ ಅನ್ನೋ ಲೇಖಕರ ಮಧ್ಯೆ, ಇಂಥವರ ಮೇಲೆ ಗೌರವ ಬರ್ದೇ ಇರುತ್ತಾ. ಗುಟ್ಟು ಬಯಲಾದ ಮೇಲೂ ವೈಲಿ ಹೆಸರಲ್ಲೇ ಬರೀತಾ ಹೋದ್ರು, ಅದು ಸಾಲದು ಅಂತ ಬೇರೆ ಹೆಸರುಗಳೂ ಇದ್ವು. 1988ರಲ್ಲಿ ಪ್ರಸಾರ ಆದ ಕೊನೇ ಹಾಸ್ಯ ಸೀರಿಯಲ್ ಕ್ಲಾರೆನ್ಸ್‌ಗೂ ಬಾಬ್ ಫೆರಿಸ್ ಅಂತ ಹಾಕಿದ್ರು.

ಬಾರ್ಕರ್, ಕಾರ್ಬೆಟ್ ಸೇರಿ ಮಾಡಿದ ಸ್ಕೆಚ್ ಶೋ ದಿ ಟೂ ರಾನೀಸ್ ಬಿಬಿಸಿಯಲ್ಲಿ ಶುರುವಾಗಿದ್ದು 1971ರ ಏಪ್ರಿಲಲ್ಲಿ, ನಡೆದಿದ್ದು 1987ರವರೆಗೆ. ಅದರ ಶುರು ಮತ್ತು ಕೊನೆ ಗಮನಿಸಿ. ಇಬ್ಬರೂ ಮೇಜಿನ ಹಿಂದೆ ಕೂತು ನ್ಯೂಸ್ ಓದೋರ ತರ ಸುಳ್ಳು ಸುದ್ದಿ ಓದ್ತಾರೆ. ನ್ಯೂಸ್ ಓದೋನು ಅನ್ನೋ ಒಂದು ಪಾತ್ರದ ಮರೆ ಇಲ್ದಿದ್ರೆ ಬಾರ್ಕರ್ ಅಲ್ಲಿ ಕೂರೋದೇ ಕಷ್ಟ ಆಗ್ತಿತ್ತು. ಕಾರ್ಬೆಟ್ ಮಾತ್ರ ದೊಡ್ಡ ಕುರ್ಚಿಯಲ್ಲಿ ಕೂತು ತಾನಾಗೇ, ದಾರಿ ತಪ್ತಾ ತಪ್ತಾ ಒಂದು ಉದ್ದ ಕಥೆ ಹೇಳ್ತಿದ್ರು. ನೀವಂದ ಜೋಕ್ ಹೇಳೋ ಕಲೆ ಅಂದ್ರೆ ಅದು, ಮತ್ತೆ ಅದು ಕಾರ್ಬೆಟ್ ಅವರದ್ದು. ಬಾರ್ಕರ್ ಒಬ್ಬರೇ ಕ್ಯಾಮೆರಾ ಮುಂದೆ ಬಂದ್ರೆ ಯಾವುದೋ ಇಲಾಖೆಯ ಅಧಿಕಾರಿನೋ ಯಾವುದೋ ಸಂಘದ ವಕ್ತಾರನೋ ಆಗಿಯೇ ಬರ್ತಿದ್ರು, ಕೋಟು ಕನ್ನಡಕ ಎಲ್ಲಾ ಆ ಮನುಷ್ಯನವು.

ನೀವು ನೋಡಿದ ಅಂಗಡಿ ಸ್ಕೆಚ್ 1976ರದ್ದು, ಬರೆದಿದ್ದು ಇದೇ ವೈಲಿ. ನೋಡದೆ ಇರೋ ಓದುಗರಿಗೆ ಹೇಳೋದಾದ್ರೆ, ಬಾರ್ಕರ್ ಗಿರಾಕಿ, ಕಾರ್ಬೆಟ್ ಅಂಗಡಿಯವ್ರು. ಗಿರಾಕಿ ಏನೋ ಕೇಳ್ತಾನೆ, ಅಂಗಡಿಯವನಿಗೆ ಫೋರ್ ಕ್ಯಾಂಡಲ್ಸ್ ಅಂತ ಕೇಳುತ್ತೆ, ನಾಲ್ಕು ಮೇಣದಬತ್ತಿ ತಂದಿಡ್ತಾನೆ. ಗಿರಾಕಿಗೆ ಬೇಕಿದ್ದು ಫೋರ್ಕ್ ಹ್ಯಾಂಡಲ್ಸ್, ತೋಟದಲ್ಲಿ ಮಣ್ಣು ಅಗೆಯೋ ಫೋರ್ಕಿನ ಹಿಡಿ. ಆಮೇಲೆ ಓಸ್ ಅಂತಾನೆ, ಅಂಗಡಿಯವನು ಹೋ ಅಂದ್ರೆ ಗುದ್ದಲಿ ತರ್ತಾನೆ, ಅಲ್ಲ, ಹೋಸ್ ಅಂದ್ರೆ ನೀರಿನ ಪೈಪ್ ತರ್ತಾನೆ, ಅದೂ ಅಲ್ಲ, ಗೇಟಿನ ಮೇಲೆ ಹೊಡೆಯೋ ಓ ಅಕ್ಷರ ಬೇಕಂತೆ. ಸರಿ, ಮುಂದೆ ಪೀಸ್ ಅಂದಾಗ ಅಂಗಡಿಯವನು ಹುಷಾರಾಗಿ ಪಿ ಅಕ್ಷರದ ಡಬ್ಬಾನೇ ತಂದ್ರೆ ಈ ಸಲ ಬೇಕಿದ್ದು ಪೀಸ್ ಅಂದ್ರೆ ಬಟಾಣಿ ಡಬ್ಬಿ.

ಕಾಗದದ ಮೇಲೆ ಇದು ಶಬ್ದದ ಆಟ, ಒಪ್ತೀನಿ. ಆದ್ರೆ ಇನ್ನೊಂದ್ಸಲ ಹಾಕಿ, ಬಾರ್ಕರ್ ಮುಖ ಮಾತ್ರ ನೋಡಿ. ಆ ಗಿರಾಕಿಗೆ ತಾನು ತಮಾಷೆ ಮಾಡ್ತಿದ್ದೀನಿ ಅನ್ನೋ ಅರಿವೇ ಇಲ್ಲ. ಪಟ್ಟಿ ಹಿಡ್ಕೊಂಡು ಬಂದಿದ್ದಾನೆ, ಸಾಮಾನು ತಗೊಂಡು ಹೋಗ್ಬೇಕು, ಎದುರಿಗಿರೋನು ಯಾಕೆ ಸಿಟ್ಟಾಗ್ತಿದ್ದಾನೆ ಅಂತ ಅವನಿಗೆ ತಿಳೀತಿಲ್ಲ. ಒಂದೇ ಒಂದು ಸಲ ಬಾರ್ಕರ್ ತುಟಿ ಅಂಚಲ್ಲಿ ನಗು ಬಂದಿದ್ರೆ, ನೋಡಿ ಹೇಗೆ ಮಾಡ್ದೆ ಅನ್ನೋ ತರ ಒಂದು ನೋಟ ಬಂದಿದ್ರೆ, ಇಡೀ ಸ್ಕೆಚ್ ಅಲ್ಲೇ ಬಿದ್ದುಹೋಗ್ತಿತ್ತು. ಆ ನಗು ಬರದ ಹಾಗೆ ಕಾದಿದ್ದಾರಲ್ಲ, ಅದಕ್ಕೆ ನಟನೆ ಅಂತೀವಿ. ಅವರ ಕೈಬರಹದ ಸ್ಕ್ರಿಪ್ಟ್ 2007ರಲ್ಲಿ ಹರಾಜಾದಾಗ 48,500 ಪೌಂಡ್ ಬಂತು.

ಷೇಕ್ಸ್‌ಪಿಯರ್ ಅಂದ್ರಲ್ಲ, 1971ರಲ್ಲಿ ಬಿಬಿಸಿ ಮಾಡಿದ ಎ ಮಿಡ್‌ಸಮರ್ ನೈಟ್ಸ್ ಡ್ರೀಮ್‌ನಲ್ಲಿ ಕತ್ತೆ ತಲೆಯ ಬಾಟಮ್ ಇವರೇ. 1976ರಲ್ಲಿ ಶಾನ್ ಕಾನರಿ, ಆಡ್ರಿ ಹೆಪ್‌ಬರ್ನ್ ಜೊತೆ ರಾಬಿನ್ ಅಂಡ್ ಮರಿಯನ್ ಸಿನಿಮಾದಲ್ಲಿ ರಾಬಿನ್ ಹುಡ್ ಜೊತೆಗಾರ ಸನ್ಯಾಸಿ ಫ್ರಯರ್ ಟಕ್ ಪಾತ್ರ ಮಾಡಿದ್ರು. ಆದ್ರೆ ಇವುಗಳ ಬಲದಿಂದ ನಾನು ವಾದ ಗೆಲ್ಲೋಕೆ ಹೋಗಲ್ಲ, ನನ್ನ ವಾದ ನಿಂತಿರೋದು ಪೋರಿಜ್ ಅನ್ನೋ ಸೀರಿಯಲ್ ಮೇಲೆ.

1973ರಲ್ಲಿ ಬಿಬಿಸಿ ಇವರಿಗೆ ಸೆವೆನ್ ಆಫ್ ಒನ್ ಅಂತ ಏಳು ಬೇರೆ ಬೇರೆ ಕಥೆಗಳ ಒಂದು ಸರಣಿ ಕೊಟ್ಟಿತ್ತು, ಯಾವುದು ಚೆನ್ನಾಗಿ ಹೋಗುತ್ತೋ ಅದನ್ನ ಬೆಳೆಸೋಣ ಅಂತ. ಅದರಲ್ಲಿ ಎರಡು ದೊಡ್ಡ ಸೀರಿಯಲ್ ಆದ್ವು, ಒಂದು ಪೋರಿಜ್, ಇನ್ನೊಂದು ಓಪನ್ ಆಲ್ ಅವರ್ಸ್. ಪೋರಿಜ್ ಬರೆದವರು ಡಿಕ್ ಕ್ಲೆಮೆಂಟ್ ಮತ್ತು ಇಯಾನ್ ಲಾ ಫ್ರೆನೇ. ಜೈಲಿನ ಒಳಗೆ ನಡೆಯೋ ಕಾಮಿಡಿ. ಬರೆಯೋಕೆ ಮುಂಚೆ ನಿಜವಾದ ಜೈಲುಗಳನ್ನ ನೋಡಿ ಬಂದು, ಇದ್ರಲ್ಲಿ ನಗೋಕೆ ಏನಿದೆ ಅಂತ ಇಬ್ಬರೂ ಕುಗ್ಗಿಹೋಗಿದ್ರಂತೆ. ಆಮೇಲೆ ಜೈಲಲ್ಲಿದ್ದು ಬಂದ ಒಬ್ಬರು ಹೇಳಿದ ಮಾತು ದಾರಿ ತೋರಿಸ್ತು, ಅಲ್ಲಿ ದಿನಾ ಸಣ್ಣ ಸಣ್ಣ ಗೆಲುವುಗಳಿಂದಲೇ ಬದುಕೋದು ಅಂತ. ಇನ್ನೊಂದು ಟಿನ್ ಹಣ್ಣು ಹೊಡೆಯೋದು, ವಾರ್ಡನ್ ಕಣ್ಣು ತಪ್ಪಿಸೋದು, ಅಷ್ಟೇ ಗೆಲುವು.

1974ರಿಂದ 1977ರವರೆಗೆ ಮೂರು ಸರಣಿ, ಎರಡು ಕ್ರಿಸ್‌ಮಸ್ ಸ್ಪೆಷಲ್. ನಾರ್ಮನ್ ಸ್ಟ್ಯಾನ್ಲಿ ಫ್ಲೆಚರ್ ಅನ್ನೋ ಹಳೇ ಕಳ್ಳನ ಪಾತ್ರ ಬಾರ್ಕರ್ ಅವರದ್ದು. ಜೊತೆ ಸೆಲ್‌ನಲ್ಲಿ ಮೊದಲ ಸಲ ಜೈಲಿಗೆ ಬಂದ ಹುಡುಗ ಗಾಡ್ಬರ್, ಅದು ರಿಚರ್ಡ್ ಬೆಕಿನ್ಸೇಲ್. ಬಿಗಿ ಮೀಸೆಯ ವಾರ್ಡನ್ ಮಕೈ ಪಾತ್ರಕ್ಕೆ ಫುಲ್ಟನ್ ಮಕೈ, ಮೆತ್ತನೆ ವಾರ್ಡನ್ ಬ್ಯಾರಕ್ಲೋಗೆ ಬ್ರಯನ್ ವೈಲ್ಡ್. ಪ್ರತಿ ಕಂತಿನ ಶುರುವಿಗೆ ಫ್ಲೆಚರ್‌ಗೆ ಐದು ವರ್ಷ ಶಿಕ್ಷೆ ಹಾಕೋ ಜಡ್ಜ್ ದನಿ ಬರುತ್ತಲ್ಲ, ಅದೂ ಬಾರ್ಕರ್ ಅವರದ್ದೇ.

ನೀವು ಜನ ಅಳಬೇಕು ಅಂದ್ರಿ. ಮೊದಲ ಸರಣಿಯ ಎ ನೈಟ್ ಇನ್ ಅನ್ನೋ ಕಂತು ನೋಡಿ. ಹೆಚ್ಚುಕಮ್ಮಿ ಅರ್ಧ ಗಂಟೆ ಪೂರ್ತಿ ಒಂದೇ ಸೆಲ್, ಇಬ್ಬರೇ ಜನ, ಮೇಲಿನ ಬಂಕಲ್ಲಿ ಹುಡುಗ, ಕೆಳಗಿನ ಬಂಕಲ್ಲಿ ಮುದಿ ಕಳ್ಳ, ಬಾಗಿಲು ಹೊರಗಿಂದ ಬೀಗ. ಹುಡುಗನಿಗೆ ರಾತ್ರಿ ಕಳೆಯೋಕಾಗ್ತಿಲ್ಲ. ಫ್ಲೆಚರ್ ಅವನಿಗೆ ಹೇಳೋದು ಇಷ್ಟು, ನಮ್ಮನ್ನ ಯಾರೋ ಕೂಡಿಹಾಕಿದ್ದಾರೆ ಅಂದ್ಕೋಬೇಡ, ಇವತ್ತು ಹೊರಗೆ ಹೋಗೋದು ಬೇಡ, ಮನೇಲೇ ಆರಾಮಾಗಿ ಇರೋಣ ಅಂತ ನಾವೇ ತೀರ್ಮಾನ ಮಾಡಿದ್ದೀವಿ ಅಂದ್ಕೋ. ಹಾಗಂತ ಉಪದೇಶ ಮಾಡೋ ದನಿಯಲ್ಲಿ ಹೇಳಲ್ಲ, ಸಿಡುಕ್ತಾ, ನನ್ನ ನಿದ್ದೆ ಕೆಡಿಸ್ತಿದ್ದೀಯ ಅನ್ನೋ ತರ ಗೊಣಗ್ತಾನೇ ಹೇಳ್ತಾರೆ, ಆ ಗೊಣಗಾಟದೊಳಗೆ ಅಪ್ಪನ ಪ್ರೀತಿ ಇದೆ. ಫ್ಲೆಚರ್‌ಗೂ ಹೊರಗೆ ಮನೆ ಇದೆ, ಮಕ್ಕಳಿದ್ದಾರೆ, ಈ ಮಾತನ್ನ ಅವನು ತನಗೂ ಎಷ್ಟು ರಾತ್ರಿ ಹೇಳ್ಕೊಂಡಿರ್ಬೇಕು ಅಂತ ನಮಗೆ ಅನ್ಸುತ್ತೆ, ಆದ್ರೆ ಅದನ್ನ ಅವರು ಎಲ್ಲೂ ಬಾಯಿಬಿಟ್ಟು ಹೇಳಲ್ಲ, ಮುಖದಲ್ಲಿ ಒಂದು ಕ್ಷಣ ಬಂದು ಹೋಗುತ್ತೆ ಅಷ್ಟೇ. ಸ್ಟುಡಿಯೋದಲ್ಲಿ ಜನ ನಗ್ತಿರ್ತಾರೆ, ನನಗೆ ಗಂಟಲು ಕಟ್ಟುತ್ತೆ. ಇದಕ್ಕಿಂತ ದೊಡ್ಡ ನಟನೆ ಬೇಕು ಅಂದ್ರೆ ಎಲ್ಲಿ ಹುಡುಕೋದು ನನಗೆ ತಿಳೀತಿಲ್ಲ.

ಫ್ಲೆಚರ್ ಬಿಡುಗಡೆ ಆದ ಮೇಲಿನ ಕಥೆ ಗೋಯಿಂಗ್ ಸ್ಟ್ರೇಟ್ 1978ರಲ್ಲಿ ಬಂತು. 1979ರ ಮಾರ್ಚಲ್ಲಿ ಅದಕ್ಕೆ ಬಾಫ್ಟಾ, ಅಂದ್ರೆ ಬ್ರಿಟನ್ನಿನ ದೊಡ್ಡ ಸಿನಿಮಾ ಟಿವಿ ಪ್ರಶಸ್ತಿ, ಬಂತು, ಅದೇ ತಿಂಗಳು ಬೆಕಿನ್ಸೇಲ್ ಹೃದಯಾಘಾತದಿಂದ ತೀರಿಕೊಂಡ್ರು, ಬರೀ 31 ವರ್ಷ. ಪೋರಿಜ್ ಸಿನಿಮಾ ಶೂಟಿಂಗ್ ಮುಗಿದು ಸ್ವಲ್ಪ ದಿನ ಆಗಿತ್ತಷ್ಟೇ. ಗಾಡ್ಬರ್ ಇಲ್ಲದ ಫ್ಲೆಚರ್ ಬೇಡ ಅಂತ ಅಲ್ಲಿಗೇ ನಿಂತ್ಹೋಯ್ತು.

ಓಪನ್ ಆಲ್ ಅವರ್ಸ್ ಬರೆದಿದ್ದು ರಾಯ್ ಕ್ಲಾರ್ಕ್. ಡಾನ್‌ಕಾಸ್ಟರ್‌ನ ಒಂದು ಮೂಲೆ ಅಂಗಡಿಯ ಜಿಪುಣ ಆರ್ಕ್‌ರೈಟ್ ಪಾತ್ರ ಬಾರ್ಕರ್, ಸೋದರಳಿಯ ಗ್ರಾನ್‌ವಿಲ್ ಆಗಿ ಡೇವಿಡ್ ಜೇಸನ್, ಎದುರು ಮನೆ ನರ್ಸ್ ಆಗಿ ಲಿಂಡಾ ಬ್ಯಾರನ್. ಆರ್ಕ್‌ರೈಟ್ ತೊದಲ್ತಾನೆ, ಆ ತೊದಲು ಸ್ಕ್ರಿಪ್ಟಲ್ಲಿ ಇರ್ಲಿಲ್ಲ, ರೆಪರ್ಟರಿ ದಿನಗಳಲ್ಲಿ ಜೊತೆಗಿದ್ದ ಗ್ಲೆನ್ ಮೆಲ್ವಿನ್ ಅನ್ನೋ ನಟರಿಂದ ಕಲಿತಿದ್ದನ್ನ ಬಾರ್ಕರ್ ಇಲ್ಲಿ ತಂದ್ರು. ಇವತ್ತು ತೊದಲೋದನ್ನ ನಗೋಕೆ ಬಳಸಿದ್ದು ನೋಡಿದ್ರೆ ನನಗೆ ಮುಜುಗರ ಆಗುತ್ತೆ, ಅದನ್ನ ಮುಚ್ಚಿಡಲ್ಲ, ನನ್ನ ಲೆಕ್ಕದಲ್ಲಿ ಪೋರಿಜ್ ಮುಂದೆ ಇದು ಒಂದು ಮೆಟ್ಟಿಲು ಕೆಳಗೇ. ಡೇವಿಡ್ ಜೇಸನ್ ಮಾತ್ರ ತನ್ನ ಗುರು ಇವರೇ ಅಂತ ಹೇಳ್ತಾ ಬಂದಿದ್ದಾರೆ, 2013ರಲ್ಲಿ ಅದೇ ಅಂಗಡಿಗೆ ಈ ಸಲ ತಾವು ಮಾಲೀಕರಾಗಿ ಕೂತು ಸೀರಿಯಲ್ ಮುಂದುವರಿಸಿದ್ರು.

ಈಗ ನಿಮ್ಮ ಕೊನೇ ಪ್ರಶ್ನೆ. ನಿವೃತ್ತಿ ತಗೊಂಡಿದ್ದು 1987ರ ಕೊನೆಗೆ, ದಿ ಟೂ ರಾನೀಸ್‌ನ್ನ ಕೋಟಿಗಟ್ಟಲೆ ಜನ ನೋಡ್ತಿದ್ದ ಕಾಲ. ಕಾರ್ಬೆಟ್‌ಗೆ ಮೊದ್ಲೇ ಹೇಳಿದ್ರು, ಅವರು ಗುಟ್ಟು ಕಾಪಾಡಿದ್ರು. ಆರೋಗ್ಯದ ಹೆದರಿಕೆ ಇತ್ತು, ಹೊಸದು ಹೊಳೀತಿಲ್ಲ ಅನ್ನೋ ಭಾವನೆ ಇತ್ತು. ಪೀಟರ್ ಹಾಲ್ ನ್ಯಾಷನಲ್ ಥಿಯೇಟರಿನಲ್ಲಿ ಷೇಕ್ಸ್‌ಪಿಯರ್ ನಾಟಕದ ಹಾಸ್ಯ ಪಾತ್ರ ಫಾಲ್‌ಸ್ಟಾಫ್ ಮಾಡಿ ಅಂತ ಕೇಳಿದ್ರು, ನಿಮ್ಮಂಥವರು ಕೇಳೋ ಷೇಕ್ಸ್‌ಪಿಯರ್ ಅದೇ, ಅದನ್ನೂ ಬೇಡ ಅಂದ್ರು. ಇಂಗ್ಲಿಷ್ ರಂಗಭೂಮಿಯ ಅಷ್ಟು ದೊಡ್ಡ ಡೈರೆಕ್ಟರ್ ಬಂದು ಆ ಪಾತ್ರ ಕೇಳ್ತಾರೆ ಅಂದ್ರೆ ಬಾರ್ಕರ್ ನಟನಾ ಅಲ್ವಾ ಅನ್ನೋ ಪ್ರಶ್ನೆಗೆ ಅವರ ಉತ್ತರ ಏನಿತ್ತು ಅಂತ ಗೊತ್ತಾಗುತ್ತಲ್ಲ. ಆ ಫಾಲ್‌ಸ್ಟಾಫ್ ನೋಡೋಕೆ ಸಿಗ್ಲಿಲ್ಲ ಅನ್ನೋ ಸಂಕಟ ನನಗೂ ಇದೆ. ಆದ್ರೆ ಬೇಡ ಅಂದವರ ಮೇಲೆ ಸಿಟ್ಟಿಲ್ಲ. ಕೆಲಸ ಇಳಿಯೋಕೆ ಶುರುವಾಗೋ ಮುಂಚೆ ಎದ್ದು ಹೋಗೋದಕ್ಕೆ ಧೈರ್ಯ ಬೇಕು.

ಆಕ್ಸ್‌ಫರ್ಡ್‌ಶೈರಿನ ಚಿಪಿಂಗ್ ನಾರ್ಟನ್‌ನಲ್ಲಿ ದಿ ಎಂಪೋರಿಯಂ ಅಂತ ಆಂಟಿಕ್ ಅಂಗಡಿ ತೆಗೆದ್ರು. ಲಾಭ ಬರೋ ಅಂಗಡಿ ಅಲ್ಲ ಅದು. ಹಳೇ ಪೋಸ್ಟ್‌ಕಾರ್ಡ್ ಸೇರಿಸೋ ಹುಚ್ಚು ಮೊದಲಿಂದಲೂ ಇತ್ತು, ಸಾವಿರಾರು ಕಾರ್ಡ್ ಕೂಡಿಟ್ಟಿದ್ರು, ಅದರ ಮೇಲೆ ಪುಸ್ತಕಗಳನ್ನೂ ಮಾಡಿದ್ದಾರೆ. ಬಣ್ಣ ಕಳಚಿದ ಮೇಲೆ ಇಷ್ಟವಾದ ವಸ್ತುಗಳ ಮಧ್ಯೆ ಇರೋಣ ಅಂತ ಹೋದ್ರು, ಸೋತು ಹೋಗಿದ್ದಲ್ಲ. ಪಾತ್ರ ಇಲ್ಲದೆ ಜನರ ಮುಂದೆ ಇರೋಕಾಗದ ಮನುಷ್ಯ ಪಾತ್ರ ಮುಗಿದ ಮೇಲೆ ಸೆಲೆಬ್ರಿಟಿಯಾಗಿ ಉಳೀಬೇಕು ಅಂದ್ರೆ ಹೇಗೆ ಹೇಳಿ.

ಮತ್ತೆ ಬಂದಿದ್ದು 2002ರಲ್ಲಿ, ದಿ ಗ್ಯಾದರಿಂಗ್ ಸ್ಟಾರ್ಮ್ ಚಿತ್ರದಲ್ಲಿ. ಆಲ್ಬರ್ಟ್ ಫಿನಿ ಚರ್ಚಿಲ್, ಬಾರ್ಕರ್ ಅವರ ಬಟ್ಲರ್ ಇಂಚಸ್. 2003ರಲ್ಲಿ ಮ್ಯಾಗಿ ಸ್ಮಿತ್ ಜೊತೆ ಮೈ ಹೌಸ್ ಇನ್ ಉಂಬ್ರಿಯಾ, ಅದರಲ್ಲಿ ಮಗಳನ್ನ ಕಳ್ಕೊಂಡ ನಿವೃತ್ತ ಜನರಲ್. 2005ರಲ್ಲಿ ಕಾರ್ಬೆಟ್ ಜೊತೆ ಹಳೇ ಸ್ಕೆಚ್‌ಗಳನ್ನ ಆರಿಸಿ ಮತ್ತೆ ತೋರಿಸೋ ಕಾರ್ಯಕ್ರಮ ಮಾಡಿದ್ರು. ಅದೇ ವರ್ಷ ಅಕ್ಟೋಬರ್ 3ಕ್ಕೆ ಹೋಗ್ಬಿಟ್ರು, 76 ವರ್ಷ. ಮುಂದಿನ ಮಾರ್ಚಲ್ಲಿ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿ ಸ್ಮರಣೆ ನಡೆದಾಗ ಶಿಲುಬೆ ಜೊತೆ ರೂಢಿಯಂತೆ ಎರಡು ಮೇಣದಬತ್ತಿ ಬರಬೇಕಿತ್ತು, ನಾಲ್ಕು ಬಂದ್ವು. ನಾಟಕ ಶುರುಮಾಡಿದ ಏಲ್ಸ್‌ಬರಿಯಲ್ಲಿ 2010ರಲ್ಲಿ ಕಂಚಿನ ಪ್ರತಿಮೆ ನಿಲ್ಲಿಸಿದ್ರು, ಅದೂ ಬಾರ್ಕರ್ ಅಲ್ಲ, ಫ್ಲೆಚರ್ ವೇಷದಲ್ಲಿರೋ ಬಾರ್ಕರ್.

ಹಾಗಾಗಿ ಮೇಡಂ, ಲೇಖನದಲ್ಲಿ ಬರೆದಿದ್ದನ್ನ ಬದಲಾಯಿಸಲ್ಲ. ನೀವು ಎ ನೈಟ್ ಇನ್ ಕಂತು ಮತ್ತು ದಿ ಗ್ಯಾದರಿಂಗ್ ಸ್ಟಾರ್ಮ್ ನೋಡಿ, ಎರಡನೇದ್ರಲ್ಲಿ ಇಂಚಸ್ ಕಡೆ ಕಣ್ಣಿಡಿ, ಚರ್ಚಿಲ್ ಕೂಗಾಡುವಾಗ ಬಟ್ಲರ್ ಹೇಗೆ ಕೇಳಿಸ್ಕೋತಾನೆ ಅನ್ನೋದನ್ನ. ನೋಡಿದ ಮೇಲೂ ನಿಮಗೆ ನಟ ಅನ್ನಿಸ್ದಿದ್ರೆ ಯಾಕೆ ಅಂತ ಬರೀರಿ, ಪೂರ್ತಿ ಪತ್ರ ಹಾಕ್ತೀವಿ.

ಸಂಪಾದಕ